ಹೊಸದುರ್ಗ ಎಂಬ ದ್ವೀಪ

ಜೆ.ಪಿ. ನಗರ
ಶುಕ್ರವಾರ, 5 ಜುಲೈ 2024

ಮಹಾಂತೇಶ್ ಅವರಿಗೆ,

ಕೋರ್ಟಿನ ಮೀಡಿಯೇಷನ್ ಮೇಡಂ ಹೇಳಿದಂತೆ ಇದು ಮೊದಲನೇ ಕಾಗದ. ಫೋನ್ ಬೇಡ, ವಾಟ್ಸ್ಆಪ್ ಬೇಡ, ಹೇಳುವುದನ್ನು ಕೈಯಲ್ಲಿ ಬರೆಯಿರಿ, ಬರೆದದ್ದನ್ನು ಒಮ್ಮೆ ಓದಿ, ಆಮೇಲೂ ಕಳಿಸಬೇಕು ಅನ್ನಿಸಿದರೆ ಕಳಿಸಿ ಎಂದರಲ್ಲ. ಡಿವೋರ್ಸಿನ ಎರಡನೇ ಸಹಿಗೆ ಕೋರ್ಟು ಡಿಸೆಂಬರ್ ಹದಿನಾರಕ್ಕೆ ಕರೆದಿದೆ. ಅಲ್ಲಿಯವರೆಗೆ ಕಿತ್ತಾಡುವುದಿದ್ದರೂ ಕಾಗದದ ಮೇಲೇ ಕಿತ್ತಾಡೋಣ. ಮಗುವಿನ ಬಾಯಲ್ಲಿ ಮಾತು ಹೇಳಿ ಕಳಿಸಬೇಡಿ ಎಂದೂ ಮೇಡಂ ಹೇಳಿದ್ದರು. ಆದ್ದರಿಂದ ಧೃತಿಗೆ ಏನೂ ಹೇಳಿಲ್ಲ. ಅವಳು ನಿಮ್ಮ ಮನೆಗೆ ಹೊತ್ತು ತರುವ ಗೇಮ್ ಬ್ಯಾಗಿನ ಮುಂದಿನ ಜಿಪ್ಪಿನಲ್ಲಿ ಇದನ್ನು ಇಟ್ಟಿದ್ದೇನೆ. ಭಾನುವಾರ ಅವಳನ್ನು ವಾಪಸ್ ಬಿಡುವಾಗ ನಿಮ್ಮ ಉತ್ತರವನ್ನೂ ಅಲ್ಲೇ ಇಡಿ.

ವಿಷಯ ಆ ಗೇಮಿನದೇ. ನೀವು ಲಾಕ್‌ಡೌನಿನಲ್ಲಿ ಶುರು ಮಾಡಿಸಿದ, ಸ್ಕ್ರೀನಿನ ಮೇಲೆ ಮನೆ, ತೋಟ ಕಟ್ಟಿಕೊಂಡು ಆಡುವ ಆ ದ್ವೀಪವನ್ನು ಪೂರ್ತಿ ಅಳಿಸಿ ಮತ್ತೆ ಮೊದಲಿಂದ ಆಡಬೇಕಂತೆ ನಿಮ್ಮ ಮಗಳಿಗೆ. ಎರಡು ವಾರದಿಂದ ಅದೇ ರಾಗ. ಯಾಕೆ ಎಂದರೆ "ಬೋರು" ಎನ್ನುತ್ತಾಳೆ. ಅಳಿಸಲು ಹೋದರೆ ಆ ಗೇಮಿನ ಮಷೀನು ನಾಲ್ಕು ಅಂಕಿಯ ಪಿನ್ ಕೇಳುತ್ತದೆ. ಪಿನ್ ಇಟ್ಟವರು ನೀವು, ನನಗೆ ಹೇಳಿದವರಲ್ಲ. ಒಂದು ಚೀಟಿಯಲ್ಲಿ ಬರೆದು ಕಳಿಸಿ, ಮುಗಿಯಿತು. ಹತ್ತು ವರ್ಷದ ಹುಡುಗಿಯ ಆಟ, ಅವಳು ಬೇಕಾದರೆ ಕಟ್ಟಲಿ, ಬೇಡವಾದರೆ ಕೆಡವಲಿ.

ಅವಳಿಗೆ ಶೀತವಿದೆ. ಫ್ಯಾನ್ ಕೆಳಗೆ ಮಲಗಿಸಬೇಡಿ.

ಇತಿ,
ಮೇಘಶ್ರೀ


ಉತ್ತರಹಳ್ಳಿ
ಭಾನುವಾರ, 7 ಜುಲೈ 2024

ಮೇಘಾ,

ನನಗೆ ಕಾಗದ ಬರೆದು ರೂಢಿಯಿಲ್ಲ. ಪಂಪ್‌ಸೆಟ್ ಅಂಗಡಿಯಲ್ಲಿ ಬಿಲ್ಲು ಬರೆಯುತ್ತೇನೆ, ಅಷ್ಟೇ. ತಪ್ಪಿದ್ದರೆ ನಗಬೇಡ.

ಪಿನ್ ಕೊಡುವುದಿಲ್ಲ.

ಯಾಕೆಂದು ಹೇಳುತ್ತೇನೆ. ನಿನಗೆ ಮರೆತಿರಬಹುದು, ಆ ಆಟದಲ್ಲಿ ಒಂದು ಮಷೀನಿಗೆ ಒಂದೇ ದ್ವೀಪ. ಅಳಿಸಿದರೆ ಅವಳದು ಮಾತ್ರ ಹೋಗುವುದಿಲ್ಲ, ನನ್ನ ಮನೆ, ನಿನ್ನ ಮನೆ, ಗಿಡ, ಸೇತುವೆ ಎಲ್ಲಾ ಹೋಗುತ್ತದೆ. ವಾಪಸ್ ತರುವ ದಾರಿಯೇ ಇಲ್ಲ. ನಾಲ್ಕು ವರ್ಷ ಕೂತು ಕಟ್ಟಿದ್ದು. ಅದಕ್ಕೆ "ಹೊಸದುರ್ಗ" ಅಂತ ನಮ್ಮೂರಿನ ಹೆಸರಿಟ್ಟಾಗ ನೀನು ಎಷ್ಟು ನಕ್ಕಿದ್ದೆ, ನೆನಪು ಮಾಡಿಕೋ. ಬೋರ್‌ವೆಲ್ಲಿನಲ್ಲೂ ನೀರು ಸಿಗದ ಊರಿಗೆ ಸಮುದ್ರ ತಂದ ಭಗೀರಥ ಅಂದೆ. ಆ ನಗು ನನಗೆ ಇನ್ನೂ ಕೇಳುತ್ತದೆ.

ಇನ್ನೊಂದು ಮಾತು. ಹತ್ತು ವರ್ಷದ ಹುಡುಗಿಗೆ ಇದ್ದದ್ದನ್ನೆಲ್ಲ ಅಳಿಸಿಬಿಡಬೇಕು ಅನ್ನುವ ಬುದ್ಧಿ ತಾನಾಗಿ ಬರುವುದಿಲ್ಲ. ಮನೆಯಲ್ಲಿ ಯಾರೋ ಹೊಸದಾಗಿ ಶುರು ಮಾಡೋಣ ಅಂತ ಮಾತಾಡಿದ್ದನ್ನು ಕೇಳಿಸಿಕೊಂಡಿರಬೇಕು. ಯಾರು ಅಂತ ನಾನು ಹೇಳುವುದಿಲ್ಲ.

ಆ ದ್ವೀಪದಲ್ಲಿ ನಮ್ಮ ಮೂವರ ಮನೆ ಒಂದೇ ಸಾಲಿನಲ್ಲಿದೆ. ಈ ಬೆಂಗಳೂರಿನಲ್ಲಿ ಅಂಥ ಜಾಗ ಇನ್ನೆಲ್ಲಿದೆ ಹೇಳು? ಅದನ್ನು ನನ್ನ ಕೈಯಾರೆ ಅಳಿಸಲಾರೆ. ಸಿಟ್ಟು ಮಾಡಿಕೊಂಡರೆ ಮಾಡಿಕೋ.

ಶೀತ ಕಡಿಮೆಯಾಗಿದೆ. ಮೆಣಸಿನ ಸಾರು ಮಾಡಿ ಹಾಕಿದೆ.

ಮಹಾಂತೇಶ್


ಜೆ.ಪಿ. ನಗರ
ಶುಕ್ರವಾರ, 26 ಜುಲೈ 2024

ಮಹಾಂತೇಶ್ ಅವರಿಗೆ,

ಎರಡು ವಾರ ಬೇಕೆಂದೇ ಬರೆಯಲಿಲ್ಲ. ಬರೆದದ್ದನ್ನು ಓದಿ ನೋಡಿದಾಗ ಕಳಿಸುವ ಹಾಗಿರಲಿಲ್ಲ.

ಕುಂಬಳಕಾಯಿ ಕಳ್ಳ ಎಂದರೆ ನಾನು ಹೆಗಲು ಮುಟ್ಟಿಕೊಳ್ಳುವವಳಲ್ಲ. ಧೃತಿಗೆ ನಾನೇನೂ ಹೇಳಿಕೊಟ್ಟಿಲ್ಲ. ಬೆಳಿಗ್ಗೆ ಎದ್ದು ಅವಳಿಗೆ ಡಬ್ಬಿ ಕಟ್ಟಿ, ಜಯನಗರದ ಕ್ಲಿನಿಕ್ಕಿಗೆ ಓಡಿ, ಸಂಜೆಯವರೆಗೆ ಜನರ ಸೊಂಟ ಮಂಡಿ ತಿರುವಿ ಮನೆಗೆ ಬರುವ ಫಿಸಿಯೋಥೆರಪಿಸ್ಟಿಗೆ ಮಗುವಿನ ಕಿವಿಯಲ್ಲಿ ವಿಷ ಹಾಕಲು ಪುರುಸೊತ್ತು ಎಲ್ಲಿದೆ?

ಕಳೆದ ವಾರ ಅವಳು ಊಟ ಮಾಡುತ್ತಾ ಒಂದು ಮಾತು ಹೇಳಿದಳು. "ಅಮ್ಮಾ, ಐಲ್ಯಾಂಡಲ್ಲಿ ನಿನ್ ಮನೆ ಮುಂದೆ ಕಳೆ ಬೆಳೆಯುತ್ತೆ, ಅಪ್ಪ ಪ್ರತಿ ಶನಿವಾರ ಕೂತ್ಕೊಂಡು ಕೀಳ್ತಾರೆ" ಎಂದಳು. ಒಂದು ಕ್ಷಣ ಕರಗಿಹೋದೆ, ಸುಳ್ಳು ಹೇಳುವುದಿಲ್ಲ. ಮರುಕ್ಷಣವೇ ಮೈಯೆಲ್ಲಾ ಉರಿಯಿತು. ನಿಜವಾದ ಮನೆಯಲ್ಲಿ ಮಂಚದ ಮೇಲೆ ಬಿಸಾಕಿದ ಒದ್ದೆ ಟವೆಲ್ ಎತ್ತಿ ಒಣಹಾಕದ ಮನುಷ್ಯ, ಇಲ್ಲದ ಮನೆಯ ಅಂಗಳ ಚೊಕ್ಕ ಮಾಡುತ್ತಾನೆ!

ನಾನು ಯಾಕೆ ಬಿಟ್ಟು ಬಂದೆ ಎಂಬುದು ನಿಮಗೆ ಇನ್ನೂ ಅರ್ಥವಾಗಿಲ್ಲ ಅನ್ನಿಸುತ್ತದೆ. ತಂಗಿಯ ಬಾಣಂತನಕ್ಕೆ ಮೈಸೂರಿಗೆ ಹೋಗಿದ್ದೆ. ವಾಪಸ್ ಬರುವಷ್ಟರಲ್ಲಿ ಜಯನಗರದ ಮನೆ ಖಾಲಿ ಮಾಡಿ, ಸಾಮಾನು ಟೆಂಪೋಗೆ ಹಾಕಿಸಿ, ನಿಮ್ಮಣ್ಣನ ಮನೆ ಪಕ್ಕ ಉತ್ತರಹಳ್ಳಿಯಲ್ಲಿ ಬಾಡಿಗೆ ಹಿಡಿದಿದ್ದಿರಿ. ಸರ್‌ಪ್ರೈಸ್ ಅಂದಿರಿ. ಹೊಸ ಮನೆಯಲ್ಲಿ ಹಾಲನ್ನೂ ನಿಮ್ಮತ್ತಿಗೆ ಕೈಲಿ ಉಕ್ಕಿಸಿ ಮುಗಿಸಿದ್ದಿರಿ. ನನ್ನ ಮನೆಯ ಒಲೆಯ ಮೇಲೆ ಮೊದಲ ಹಾಲು ಉಕ್ಕಿದ್ದು ನಾನಿಲ್ಲದಾಗ. ನಿಮಗೆ ಅದು ಸಣ್ಣ ವಿಷಯ. ನನಗೆ ಅವತ್ತೇ ಆ ಮನೆ ನನ್ನದಲ್ಲ ಅನ್ನಿಸಿತು.

ಪಿನ್ ಕಳಿಸಿ.

ಮೇಘಶ್ರೀ


ಉತ್ತರಹಳ್ಳಿ
ಭಾನುವಾರ, 11 ಆಗಸ್ಟ್ 2024

ಮೇಘಾ,

ಹಾಲಿನ ವಿಷಯ ಓದಿದೆ. ಅವತ್ತು ಮುಹೂರ್ತ ಚೆನ್ನಾಗಿತ್ತು, ನಿನಗೆ ಓಡಾಟ ತಪ್ಪಲಿ ಅಂದುಕೊಂಡೆ. ನಿನ್ನ ಕೇಳಬೇಕಿತ್ತು ಅಂತ ಈಗ ಅನ್ನಿಸುತ್ತದೆ. ಈಗ ಅನ್ನಿಸಿ ಏನು ಪ್ರಯೋಜನ, ಅದೂ ಗೊತ್ತು.

ಕಳೆ ಕೀಳುವುದು ನಿಜ. ನೀನು ಆ ಆಟಕ್ಕೆ ಬಂದು ಒಂದು ವರ್ಷದ ಮೇಲಾಯಿತು. ಕೀಳದಿದ್ದರೆ ಬಾಗಿಲೇ ಕಾಣದಷ್ಟು ಬೆಳೆಯುತ್ತದೆ. ಅದನ್ನು ನೋಡಿಕೊಂಡು ಕೂರಲು ನನ್ನಿಂದ ಆಗುವುದಿಲ್ಲ, ಅಷ್ಟೇ.

ಧೃತಿಗೆ ಬೇರೆ ಮಷೀನು ತಂದುಕೊಡುತ್ತೇನೆ, ಅದರಲ್ಲಿ ಹೊಸ ದ್ವೀಪ ಶುರು ಮಾಡು ಅಂದೆ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಅಂತ ನನ್ನ ಯೋಚನೆ. ಅವಳು ಮುಖ ತಿರುಗಿಸಿಕೊಂಡು, "ಬೇಡ ಅಪ್ಪ, ಆಮೇಲೆ ಅದೂ ಎರಡೆರಡು ಆಗುತ್ತೆ. ನಂಗೆ ಬ್ರಷ್ ಎರಡು, ಚಪ್ಪಲಿ ಎರಡು, ದಿಂಬು ಎರಡು, ಸಾಕು" ಅಂದಳು.

ಇನ್ನೊಂದು ವಿಷಯ ಕೇಳಬೇಕಿತ್ತು. ಡಿಸೆಂಬರ್ ಹದಿನಾರನೇ ತಾರೀಖು ಕೋರ್ಟಿನಲ್ಲಿ ವಾರಾಂತ್ಯಕ್ಕೆ ಅವಳು ನನ್ನ ಹತ್ತಿರ ಬರುವುದನ್ನು ಹೀಗೇ ಬರೆಸುತ್ತೀಯಲ್ಲ? ಅದೊಂದೇ ನನಗೆ ಉಳಿದಿರುವುದು. ಬೇರೆ ಏನು ಬೇಕಾದರೂ ಇಟ್ಟುಕೋ.

ಪಿನ್ ಮಾತ್ರ ಕೇಳಬೇಡ.

ಮಹಾಂತೇಶ್


ಜೆ.ಪಿ. ನಗರ
ಶುಕ್ರವಾರ, 6 ಸೆಪ್ಟೆಂಬರ್ 2024

ಮಹಾಂತೇಶ್ ಅವರಿಗೆ,

ಇವತ್ತು ಗೌರಿ ಹಬ್ಬ. ಹಬ್ಬದ ದಿನ ಕೆಟ್ಟ ಮಾತು ಬರೆಯಬಾರದೆಂದು ಅಮ್ಮ ಹೇಳಿದರು. ಹಾಗಾದರೆ ಯಾವತ್ತೂ ಬರೆಯಲಾಗುವುದಿಲ್ಲ, ನಮ್ಮಲ್ಲಿ ಹಬ್ಬಗಳು ಸಾಲುಸಾಲು.

ನಿನ್ನೆ ಧೃತಿ ಟ್ಯೂಷನ್ನಿಗೆ ಹೋಗಿದ್ದಾಗ ನಾನೇ ಆ ಆಟ ತೆರೆದೆ. ಅವಳು ಅಳಿಸಬೇಕು ಅನ್ನುತ್ತಿರುವುದು ಏನೆಂದು ಒಮ್ಮೆ ನೋಡೋಣ ಅನ್ನಿಸಿತು. ಆಟದೊಳಗಿನ ನನ್ನ ಗೊಂಬೆಯನ್ನು ಎಬ್ಬಿಸಿ ಹೊರಗೆ ಕರೆತಂದೆ. ಸಮುದ್ರ ಕಾಣಲಿಲ್ಲ.

ನನ್ನ ಮನೆ ಇದ್ದದ್ದು ದಡದಲ್ಲಿ. ಜಾಗ ಹುಡುಕಿ ಹುಡುಕಿ ಅಲ್ಲಿ ಕಟ್ಟಿದ್ದೆ. ಕೆಲಸ ಮುಗಿಸಿ ಬಂದು ಐದು ನಿಮಿಷ ಆ ಅಲೆಗಳ ಸದ್ದು ಕೇಳುತ್ತಾ ಕೂರುತ್ತಿದ್ದೆ, ಅಷ್ಟೇ ನನ್ನ ಆಟ. ಈಗ ಆ ಮನೆ ದ್ವೀಪದ ಮಾರ್ಕೆಟ್ಟಿನ ಹಿಂದೆ, ನಿಮ್ಮ ಮನೆಯ ಪಕ್ಕದಲ್ಲಿದೆ. ದ್ವೀಪ ಶುರು ಮಾಡಿ ಮೊದಲು ಹೆಸರು ಬರೆದವರು ನೀವು, ಆದ್ದರಿಂದ ಮುಖ್ಯಸ್ಥರು ನೀವು. ಸೇತುವೆ ಕಟ್ಟಿಸುವುದು, ಮನೆ ಸರಿಸುವುದು ಮುಖ್ಯಸ್ಥರಿಗೆ ಮಾತ್ರ ಆಗುವ ಕೆಲಸ. ನಾನು ಬಿಟ್ಟು ಬಂದ ಮೇಲೆ ನೀವು ನನ್ನ ಮನೆಯನ್ನು ಎತ್ತಿ ತಂದು ಪಕ್ಕದಲ್ಲಿಟ್ಟುಕೊಂಡಿದ್ದೀರಿ. ಆಮೇಲೆ ಮೂರು ಮನೆ ಒಂದೇ ಸಾಲಿನಲ್ಲಿದೆ ಎಂದು ನನಗೇ ಬರೆಯುತ್ತೀರಿ!

ಎರಡು ಸಲ ಮನೆ ಎತ್ತಿದಿರಿ, ಎರಡು ಸಲವೂ ನಾನಿಲ್ಲದಾಗ.

ಆ ಹುಡುಗಿ ಅಳಿಸಲಿ. ನಾನೇ ಕೂತು ಅಳಿಸುತ್ತಿದ್ದೆ, ಪಿನ್ ಇದ್ದಿದ್ದರೆ.

ಮೇಘಶ್ರೀ


ಉತ್ತರಹಳ್ಳಿ
ಶುಕ್ರವಾರ, 11 ಅಕ್ಟೋಬರ್ 2024

ಮೇಘಶ್ರೀ ಅವರಿಗೆ,

ಒಂದು ತಿಂಗಳು ಸುಮ್ಮನಿದ್ದದ್ದು ನಿಮ್ಮ ಮಾತು ಸರಿ ಇತ್ತು ಅಂತ. ಇವತ್ತು ಗೊತ್ತಾಯಿತು, ಸುಮ್ಮನಿದ್ದದ್ದೇ ತಪ್ಪು.

ಅಂಗಡಿಯಲ್ಲಿ ಆಯುಧಪೂಜೆ ಮುಗಿಸಿ, ಮೋಟಾರಿಗೆಲ್ಲಾ ಹೂವು ಹಾಕಿ, ಮಗಳು ಬರುತ್ತಾಳೆ ಅಂತ ಕಾದಿದ್ದೆ. ಬಂದಳು. ಬ್ಯಾಗು ಬಿಚ್ಚಿದರೆ ಬರೀ ವೈರು, ಚಾರ್ಜರು. ಮಷೀನೇ ಇಲ್ಲ. ಎಲ್ಲಿ ಅಂದರೆ "ಅಜ್ಜಿ ಎತ್ತಿಟ್ಟಿದಾರೆ, ಕೇಳ್ಬೇಡ ಅಪ್ಪ" ಅಂತ ತಲೆ ತಗ್ಗಿಸಿದಳು. ಪಿನ್ ಇಲ್ಲದೆ ಅಳಿಸಿಕೊಡುವ ರಿಪೇರಿಯವರು ಬೇಕಾದಷ್ಟು ಜನ ಇದ್ದಾರೆ ಅಂತ ನನಗೂ ಗೊತ್ತು. ಯಾರ ಹತ್ತಿರ ಕೊಟ್ಟಿದ್ದೀರಿ? ಅಳಿಸಿ ಆಯಿತಾ?

ಮಗುವಿನ ಕೈಲಿ ಸುಳ್ಳು ಹೇಳಿಸಿದ್ದೀರಿ. ಇದನ್ನು ನಾನು ಬಿಡುವುದಿಲ್ಲ. ನಾಳೆ ಬೆಳಿಗ್ಗೆ ನಾನೇ ಬರುತ್ತೇನೆ.

ಮಹಾಂತೇಶ್


ಜೆ.ಪಿ. ನಗರ
ಶುಕ್ರವಾರ, 18 ಅಕ್ಟೋಬರ್ 2024

ಮಹಾಂತೇಶ್ ಅವರಿಗೆ,

ಈ ಕಾಗದ ಬ್ಯಾಗಿನಲ್ಲಿ ಬರುತ್ತಿಲ್ಲ, ಅಂಚೆಯಲ್ಲಿ ಬರುತ್ತಿದೆ. ಬ್ಯಾಗು ಹೊರುವವಳು ಈ ವಾರ ನಿಮ್ಮಲ್ಲಿಗೆ ಬರುವುದಿಲ್ಲ ಎಂದಿದ್ದಾಳೆ.

ನೀವು ಗೇಟಿನ ಒಳಗೆ ಎಸೆದು ಹೋದ ಕಾಗದವನ್ನು ನಿಧಾನವಾಗಿ ಓದಿದೆ. ಏನು ನಡೆಯಿತೆಂದು ಈಗ ಹೇಳುತ್ತೇನೆ, ಅವತ್ತು ನೀವು ಕೇಳಿಸಿಕೊಳ್ಳುವ ಸ್ಥಿತಿಯಲ್ಲಿ ಇರಲಿಲ್ಲ. ಸರಸ್ವತಿ ಪೂಜೆಯ ದಿನ ಅಮ್ಮ ಧೃತಿಯ ಪುಸ್ತಕಗಳನ್ನು ದೇವರ ಮುಂದೆ ಜೋಡಿಸುತ್ತಾ, "ಇವಳು ಪುಸ್ತಕಕ್ಕಿಂತ ಜಾಸ್ತಿ ಹಿಡ್ಕೊಳ್ಳೋದು ಆ ಡಬ್ಬೀನೇ, ಅದೂ ಇರ್ಲಿ" ಎಂದು ನಿಮ್ಮ ಮಷೀನನ್ನೂ ಮೇಲಿಟ್ಟು ವಿಭೂತಿ ಹಚ್ಚಿದರು. ಒಮ್ಮೆ ಪೂಜೆಗೆ ಇಟ್ಟ ಮೇಲೆ ವಿಜಯದಶಮಿಯ ದಿನ ಕದಲಿಸುವವರೆಗೆ ಮುಟ್ಟುವ ಹಾಗಿಲ್ಲ. ನಿಮ್ಮ ಅಂಗಡಿಯ ಪಂಪು ಮೋಟಾರು ಕೂಡ ಅವತ್ತು ತಿರುಗಲಿಲ್ಲ ತಾನೆ? ಅಷ್ಟೇ ನಡೆದದ್ದು. ಅಜ್ಜಿ ಎತ್ತಿಟ್ಟಿದ್ದಾರೆ ಎಂದು ಮಗು ಹೇಳಿದ್ದು ಅಕ್ಷರಶಃ ನಿಜ. ಗೇಮನ್ನು ದೇವರ ಮುಂದೆ ಇಟ್ಟಿದ್ದಾರೆ ಎಂದರೆ ನೀವು ನಗುತ್ತೀರಿ ಎಂದು ನಾಚಿಕೆಯಿಂದ ತಲೆ ತಗ್ಗಿಸಿದ್ದಳು.

ನೀವು ಅವಳನ್ನು ಸ್ಕೂಟರಿನಲ್ಲಿ ಕೂರಿಸಿಕೊಂಡು ಬಂದು, ಪಕ್ಕದ ಮನೆ ಚೂಡಾಮಣಿ ಆಂಟಿ ಬನ್ನಿ ಎಲೆ ಹಿಡಿದು ನಿಂತಿರುವಾಗಲೇ "ಯಾರ್ ಹತ್ರ ಕೊಟ್ಟು ಅಳಿಸ್ದೆ? ಹೇಳು! ನನ್ನ ಮಗಳನ್ನ ಸುಳ್ಳಿ ಮಾಡ್ತೀಯಾ?" ಎಂದು ಬೀದಿಗೆಲ್ಲ ಕೇಳುವಂತೆ ಕೂಗಿದಿರಿ. ನಾನೂ ಕಡಿಮೆಯೇನಲ್ಲ, ಕೂಗಿದೆ. ಅಮ್ಮ ಪಾಪ, ಹೂವು ಅಂಟಿಕೊಂಡಿದ್ದ ಮಷೀನನ್ನು ಎರಡು ಕೈಯಲ್ಲಿ ಹಿಡಿದು ಬಾಗಿಲಿಗೆ ತಂದರು. ನೀವು ಅದನ್ನು ನೋಡಿ ಸ್ಕೂಟರ್ ತಿರುಗಿಸಿಕೊಂಡು ಹೋದಿರಿ. ಧೃತಿ ಗೇಟಿನ ಕಂಬಿ ಹಿಡಿದು ನಿಂತೇ ಇದ್ದಳು.

ಅವತ್ತಿನಿಂದ ಅವಳು ಮಷೀನು ಮುಟ್ಟಿಲ್ಲ. ಅಳಿಸಬೇಕು ಅನ್ನುವ ಮಾತೂ ಇಲ್ಲ. ಕೇಳಿದ್ದಕ್ಕೆ ಉತ್ತರ, ಹಾಕಿದ್ದು ಊಟ. ನನಗೆ ಭಯವಾಗುತ್ತಿದೆ, ಅದನ್ನು ನಿಮಗಲ್ಲದೆ ಯಾರಿಗೆ ಹೇಳಲಿ?

ಒಂದು ವಿಷಯ ಮುಚ್ಚಿಡುವುದಿಲ್ಲ. ನನ್ನ ಲಾಯರಿಗೆ ಇದು ಗೊತ್ತಾಗಿದೆ. ಅಪ್ಪನ ಕೂಗಾಟಕ್ಕೆ ಮಗು ಹೆದರಿದೆ, ಹೋಗಲು ಒಪ್ಪುತ್ತಿಲ್ಲ ಎಂದು ಬರೆದು ಹಾಕೋಣ, ವಾರಾಂತ್ಯದ ಭೇಟಿ ನಿಲ್ಲಿಸಬಹುದು ಎನ್ನುತ್ತಿದ್ದಾರೆ. ನಾನು ಹೂಂ ಎಂದಿಲ್ಲ. ಊಹೂಂ ಎಂದೂ ಹೇಳಿಲ್ಲ.

ಮೇಘಶ್ರೀ


ಉತ್ತರಹಳ್ಳಿ
ಭಾನುವಾರ, 27 ಅಕ್ಟೋಬರ್ 2024

ಮೇಘಾ,

ಅಂಗಡಿಗೆ ಹೋಗುತ್ತಿಲ್ಲ. ಅಣ್ಣ ನೋಡಿಕೊಳ್ಳುತ್ತಿದ್ದಾನೆ.

ತಪ್ಪಾಯಿತು. ಅತ್ತೆಗೂ ಹೇಳು, ಬಂದು ಹೇಳುವಷ್ಟು ಮುಖ ಇಲ್ಲ. ವಿಭೂತಿ ಹಚ್ಚಿದ ಆ ಮಷೀನನ್ನು ಹಿಡಿದು ಅವರು ಬಾಗಿಲಲ್ಲಿ ನಿಂತದ್ದು ಕಣ್ಣ ಮುಂದಿನಿಂದ ಹೋಗುತ್ತಿಲ್ಲ. ನಾನು ಅಲ್ಲೇ ಕುಸಿದು ಕೂರಬೇಕಿತ್ತು. ಓಡಿಬಂದೆ.

ಲಾಯರಿಗೆ ಹೂಂ ಅನ್ನಬೇಡ. ಕೈ ಮುಗಿದು ಕೇಳುತ್ತೇನೆ. ಅವಳು ಬಾರದೆ ಇದು ಎರಡನೇ ವಾರ. ಶನಿವಾರ ದೋಸೆ ಹಿಟ್ಟು ತಂದಿಟ್ಟು ಹಾಗೇ ಹುಳಿ ಬಂತು. ಪಿನ್ ಕೊಡುತ್ತೇನೆ. ದ್ವೀಪ ಅಳಿಸಿಕೊಳ್ಳಲಿ, ಏನು ಬೇಕಾದರೂ ಮಾಡಿಕೊಳ್ಳಲಿ. ನೀನು ಅವಳನ್ನು ಕಳಿಸು, ನಾನು ಪಿನ್ ಕೊಡುತ್ತೇನೆ.

ಮಹಾಂತೇಶ್


ಜೆ.ಪಿ. ನಗರ
ಭಾನುವಾರ, 3 ನವೆಂಬರ್ 2024

ಮಹಾಂತೇಶ್ ಅವರಿಗೆ,

ನೀವು ಕೊಡುವುದು ಕೊಡಿ, ನಾನು ಕೊಡುವುದು ಕೊಡುತ್ತೇನೆ ಎನ್ನಲು ಇದು ನಿಮ್ಮ ಅರೆಕೆರೆ ಅಂಗಡಿಯಲ್ಲ, ಮಗಳು ಪಂಪ್‌ಸೆಟ್ಟೂ ಅಲ್ಲ. ತಪ್ಪಾಯಿತು ಎಂದ ಕಾಗದದಲ್ಲೇ ವ್ಯಾಪಾರ ಮಾಡಿದ್ದೀರಲ್ಲ!

ಅವಳನ್ನು ಹಿಡಿದಿಟ್ಟಿರುವುದು ನಾನಲ್ಲ. ಹೋಗು ಎಂದು ಎರಡು ವಾರದಿಂದ ಹೇಳುತ್ತಿದ್ದೇನೆ. ಬ್ಯಾಗು ನೋಡಿದರೆ ಸಾಕು, ಎದ್ದು ಒಳಗೆ ಹೋಗುತ್ತಾಳೆ. ಹೆದರಿರುವುದು ನಿಮ್ಮ ಕೂಗಿಗೋ ನನ್ನ ಕೂಗಿಗೋ ನನಗೆ ತಿಳಿಯುತ್ತಿಲ್ಲ. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎಂದು ಅಮ್ಮ ದಿನಕ್ಕೊಮ್ಮೆ ನನ್ನ ಮುಖ ನೋಡಿ ಹೇಳುತ್ತಾರೆ.

ಮೇಘಶ್ರೀ


ಜೆ.ಪಿ. ನಗರ
17 ನವೆಂಬರ್, ಭಾನುವಾರ

ಅಪ್ಪ ಮತ್ತು ಅಮ್ಮ,

ಇಬ್ರಿಗೂ ಒಂದೇ ಲೆಟರ್. ಎರಡು ಸಲ ಬರೆದೆ, ಕೈ ನೋಯ್ತಿದೆ. ಅಮ್ಮ ಇದೇ ಮನೇಲಿದ್ರೂ ಅಮ್ಮಂಗೂ ಪೋಸ್ಟಲ್ಲೇ ಬರುತ್ತೆ. ಇಲ್ಲಾಂದ್ರೆ ಅಮ್ಮ ಫಸ್ಟ್ ಓದ್ಬಿಡ್ತಾರೆ, ಅದು ಫೇರ್ ಅಲ್ಲ. ಅಜ್ಜಿ ಅಡ್ರೆಸ್ ಬರೆದುಕೊಟ್ರು.

ನೀವು ಬರೆದಿದ್ದು ಯಾವುದೂ ನಾನು ಓದಿಲ್ಲ, ಪ್ರಾಮಿಸ್. ಆದ್ರೆ ಬ್ಯಾಗಲ್ಲಿರೋದು ಕೋಪದ ಲೆಟರ್ರಾ ಅಲ್ವಾ ಅಂತ ನಂಗೆ ಗೊತ್ತಾಗುತ್ತೆ. ಕೋಪದ್ದಾದ್ರೆ ಚಿಕ್ಕದಾಗಿ ಮಡಚಿ ಮಡಚಿ ಇಟ್ಟಿರ್ತೀರ. ಅಂಥದ್ದು ಇದ್ರೆ ನಂಗೆ ಸ್ಕೂಟರಲ್ಲಿ ದಾರಿ ಪೂರ್ತಿ ಹೊಟ್ಟೆ ನೋವು ಬರುತ್ತೆ. ಆಮೇಲೆ ಅದನ್ನ ಓದಿ ಬಂದು ನೀವು "ಊಟ ಮಾಡ್ತೀಯಾ ಪುಟ್ಟ" ಅಂತೀರಲ್ಲ, ಆ ವಾಯ್ಸೇ ಬೇರೆ ಇರುತ್ತೆ. ಮೇಡಂ ನನ್ ಹತ್ರ ಮಾತು ಹೇಳಿ ಕಳಿಸಬೇಡಿ ಅಂದಿದ್ರು. ನೀವು ಬ್ಯಾಗಲ್ಲಿ ಕಳಿಸಿದ್ರಿ. ಬ್ಯಾಗ್ ಹೊರೋದು ನಾನೇ ಅಲ್ವಾ?

ನಾನು ಅಪ್ಪಂಗೆ ಹೆದರಿಲ್ಲ. ಅಮ್ಮಂಗೂ ಹೆದರಿಲ್ಲ. ಬ್ಯಾಗ್ ಇಷ್ಟ ಇಲ್ಲ, ಅದಕ್ಕೆ ಹೋಗಲಿಲ್ಲ.

ಈಗ ಐಲ್ಯಾಂಡ್ ವಿಷಯ. ಅವತ್ತು ಗೇಟ್ ಹತ್ರ ಅಪ್ಪ ಯಾಕೆ ಅಳಿಸ್ತೀಯ ಅಂತ ಅಮ್ಮನ್ನ ಕೇಳಿದ್ರು. ನೀವೇ ಅವಳ ತಲೆ ಕೆಡಿಸಿದ್ದು ಅಂತ ಅಮ್ಮ ಅಪ್ಪಂಗೆ ಅಂದ್ರು. ನಾನು ಮಧ್ಯದಲ್ಲೇ ನಿಂತಿದ್ದೆ. ನನ್ನ ಯಾರೂ ಕೇಳಲಿಲ್ಲ. ಮುಂಚೆ ಒಂದ್ಸಲ ಅಮ್ಮ ಒಗ್ಗರಣೆ ಹಾಕ್ತಾ ಕೇಳಿದ್ರು, ನಾನು ಬೋರ್ ಅಂದೆ. ಒಗ್ಗರಣೆ ಹಾಕ್ತಾ ಕೇಳಿದ್ರೆ ಬೋರ್ ಅಂತಾನೇ ಹೇಳಕ್ಕಾಗೋದು.

ಬೋರ್ ಅಲ್ಲ. ನನ್ ಮನೆ ಫಾಲ್ಸ್ ಹತ್ರ ಇತ್ತು. ಮೇಲಿಂದ ನೀರು ಬೀಳ್ತಿತ್ತು. ಒಂದು ಶನಿವಾರ ನಾನು ಸ್ಕೂಲಿಗೆ ಹೋಗಿದ್ದಾಗ ಅಪ್ಪ ಅದನ್ನೂ ತಂದು ಸಾಲಲ್ಲಿ ಇಟ್ಬಿಟ್ರು. ಚೆನ್ನಾಗಿದೆ ಅಲ್ವಾ ಅಂದ್ರು. ನಾನು ಹೂಂ ಅಂದೆ, ಯಾಕಂದ್ರೆ ಅಪ್ಪ ಅಳೋ ಥರ ಇದ್ರು. ಆಮೇಲೆ ನಾನು ವಾಪಸ್ ಇಡೋಣ ಅಂತ ಆಟದಲ್ಲಿ ಆಫೀಸಿಗೆ ಹೋದ್ರೆ, ಅಲ್ಲಿರೋ ಕೊಕ್ಕರೆ ಕ್ಲರ್ಕ್ ಪ್ರತಿ ಸಲ "ಮುಖ್ಯಸ್ಥರನ್ನು ಕರೆದುಕೊಂಡು ಬನ್ನಿ" ಅನ್ನುತ್ತೆ. ನಾನು ನಾಲ್ಕು ವರ್ಷದಿಂದ ಆಡ್ತಿದೀನಿ, ಒಂದು ಸೇತುವೆ ಕೂಡ ನನ್ನ ಕೇಳಿ ಕಟ್ಟಿಲ್ಲ. ಅಳಿಸಿದ್ರೆ ಮಾತ್ರ ಬೇರೆಯವರು ಮುಖ್ಯಸ್ಥರಾಗಬಹುದು. ಫಸ್ಟ್ ಹೆಸರು ನಾನು ಬರೀಬೇಕು. ಅಷ್ಟೇ.

ಪಿನ್ ನಂಗೆ ಯಾವಾಗಿಂದ್ಲೋ ಗೊತ್ತು. ಅಪ್ಪ ಒತ್ತುವಾಗ ಕೈ ಅಡ್ಡ ಇಟ್ಕೋತಾರೆ, ಆದ್ರೆ ಒಂದೊಂದೇ ನಂಬರ್ ಬಾಯಲ್ಲಿ ಹೇಳ್ಕೊಂಡು ಒತ್ತುತ್ತಾರೆ. ಯಾವತ್ತು ಬೇಕಾದ್ರೂ ನಾನು ಅಳಿಸಬಹುದಿತ್ತು. ನಿಮ್ಮಿಬ್ರನ್ನೂ ಕೇಳಿದ್ದು ಯಾಕಂದ್ರೆ, ನೀವು ಒಂದೇ ಒಂದು ವಿಷಯಕ್ಕಾದ್ರೂ ಇಬ್ರೂ ಹೂಂ ಅಂತೀರಾ ಅಂತ ನೋಡೋಕೆ. ಜೂನಿಂದ ನೋಡ್ತಿದೀನಿ.

ನೀವು ಒಂದೇ ಮನೇಲಿ ಇರಿ ಅಂತ ಹೇಳ್ತಿಲ್ಲ. ಮುಂಚೆ ಹೇಳಬೇಕು ಅಂದ್ಕೊಂಡಿದ್ದೆ, ಈಗ ಇಲ್ಲ. ನಾನು ಅಪ್ಪನ ಮನೆಗೆ ಬರ್ತೀನಿ. ಬರೀ ನಾನು ಬರ್ತೀನಿ, ಬ್ಯಾಗ್ ಇಲ್ಲ. ಗೇಮ್ ಇಲ್ಲೇ ಇರುತ್ತೆ.

ಧೃತಿ ಎಂ.
ಐದನೇ ಕ್ಲಾಸ್, ಬಿ ಸೆಕ್ಷನ್


ಉತ್ತರಹಳ್ಳಿ
ಭಾನುವಾರ, 24 ನವೆಂಬರ್ 2024

ಮೇಘಾ,

ಅವಳ ಕಾಗದ ಗುರುವಾರ ಬಂತು. ಗಿರಾಕಿಗಳು ನಿಂತಿದ್ದರು, ಅಂಗಡಿಯಲ್ಲೇ ಓದಿದೆ. ಶಟರ್ ಎಳೆದು ಒಳಗೆ ಕೂತೆ.

ಅವಳ ಮನೆಯನ್ನೂ ಸರಿಸಿದ್ದೆ ಅನ್ನುವುದೇ ನನಗೆ ಮರೆತಿತ್ತು ಮೇಘಾ. ಚೆನ್ನಾಗಿದೆ ಅಂದಳು ಅಂತಷ್ಟೇ ನೆನಪಿತ್ತು. ಎಲ್ಲರನ್ನೂ ಒಟ್ಟಿಗೆ ಇಡುತ್ತಿದ್ದೇನೆ ಅಂದುಕೊಂಡೆ. ಎತ್ತಿ ಇಡುತ್ತಿದ್ದೆ, ಅಷ್ಟೇ.

ಹೂಂ ಅಂತ ಬರೆಯುತ್ತಿದ್ದೇನೆ. ಯಾವ ಷರತ್ತೂ ಇಲ್ಲ. ಲಾಯರಿಗೆ ನೀನು ಏನು ಬೇಕಾದರೂ ಹೇಳು, ಅವಳನ್ನು ಕಳಿಸು, ಕಳಿಸಬೇಡ, ನನ್ನ ಹೂಂ ಹೂಂನೇ. ಪಿನ್ ಅವಳಿಗೆ ಗೊತ್ತಿದ್ದರೂ ದ್ವೀಪವನ್ನು ನಾನೇ ಬಂದು ಅಳಿಸಿಕೊಡಲಾ ಅಂತ ಅವಳನ್ನು ಕೇಳು. ಬೇಡ ಅಂದರೆ ಬರುವುದಿಲ್ಲ.

ಮಹಾಂತೇಶ್


ಜೆ.ಪಿ. ನಗರ
ಶನಿವಾರ, 30 ನವೆಂಬರ್ 2024

ಮಹಾಂತೇಶ್ ಅವರಿಗೆ,

ನಾನೂ ಹೂಂ. ಅವಳಿಗೂ ಹೇಳಿದೆ, ಲಾಯರಿಗೆ ಊಹೂಂ ಎಂದೂ ಹೇಳಿದೆ.

ಪೋಸ್ಟ್‌ಮ್ಯಾನ್ ಅವಳ ಕಾಗದವನ್ನು ನನ್ನ ಕೈಗೆ ಕೊಡುವಾಗ ಅವಳು ಕಿಟಕಿಯ ಹಿಂದೆ ನಿಂತು ನನ್ನ ಮುಖವನ್ನೇ ನೋಡುತ್ತಿದ್ದಳು. ಅಳಬಾರದೆಂದು ಎಷ್ಟು ಕಷ್ಟಪಟ್ಟೆನೋ. ಅವಳ ಬ್ಯಾಗಿನಲ್ಲಿ ಅಷ್ಟು ತಿಂಗಳು ನಾವು ಇಟ್ಟಿದ್ದು ಏನೆಂದು ಒಮ್ಮೆಯೂ ಹೊಳೆಯಲಿಲ್ಲವಲ್ಲ. ಓದು ಬರಹ ಕಲಿತವರು ನಾವಿಬ್ಬರೂ!

ಎಂಟನೇ ತಾರೀಖು ಭಾನುವಾರ ಬನ್ನಿ. ಅಪ್ಪ ಬಂದು ಅಳಿಸಲಿ, ಆದರೆ ನಂಬರ್ ಜೋರಾಗಿ ಹೇಳಬಾರದು ಎಂದಿದ್ದಾಳೆ. ಊಟಕ್ಕೆ ಇರಿ ಎಂದು ಅಮ್ಮ ಹೇಳಿದರು. ನಾನು ಹೇಳಿದ್ದಲ್ಲ, ಅಮ್ಮ.

ಮೇಘಶ್ರೀ


ಉತ್ತರಹಳ್ಳಿ
ಬುಧವಾರ, 11 ಡಿಸೆಂಬರ್ 2024

ಮೇಘಾ,

ಭಾನುವಾರ ನಿಮ್ಮ ಮನೆಯಲ್ಲಿ ನಾನು ಹೆಚ್ಚು ಮಾತಾಡಲಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಪಿನ್ ಒತ್ತಿದ ಮೇಲೆ ಮಷೀನು "ಖಂಡಿತವಾಗಿಯೂ ಅಳಿಸಬೇಕೇ, ಮತ್ತೆ ಸಿಗುವುದಿಲ್ಲ" ಅಂತ ಕೇಳಿತಲ್ಲ, ಆಗ ನಾನು ಹೆಬ್ಬೆರಳು ಹಿಂದಕ್ಕೆ ತೆಗೆದೆ. ನೀನು ನೋಡಿದೆ ಅಂತ ಗೊತ್ತು. ನೋಡಿಯೂ ಅವಸರ ಮಾಡಲಿಲ್ಲ, ಅದಕ್ಕೆ ಉಪಕಾರ. ಧೃತಿ ಮಾತ್ರ ಹತ್ತಿರ ಬಂದು, "ಟೈಮ್ ತಗೋ ಅಪ್ಪ" ಅಂದಳು. ಅವಳ ಬಾಯಲ್ಲಿ ಅಂಥ ಮಾತು ಯಾವಾಗ ಬಂತೋ. ಒತ್ತಿದೆ. ಇಷ್ಟು ವರ್ಷದ್ದು ಹೋಗಲು ಒಂದು ಗಳಿಗೆಯೂ ಬೇಕಾಗಲಿಲ್ಲ.

ಆಮೇಲೆ ಅವಳು ಮಷೀನು ಕೈಗೆ ತೆಗೆದುಕೊಂಡು ನಮ್ಮಿಬ್ಬರನ್ನೂ ರೂಮಿನಿಂದ ಆಚೆ ಕಳಿಸಿದ್ದಕ್ಕೆ ನನಗೆ ನಗು ಬಂತು, ಅಳುವೂ ಬಂತು. ದ್ವೀಪಕ್ಕೆ ಏನು ಹೆಸರಿಟ್ಟೆ ಅಂದರೆ ಹೇಳಲಿಲ್ಲ. ನನ್ನ ಮನೆ ಎಲ್ಲಿ ಕಟ್ಟಲಿ ಅಂದೆ. "ಈಗ್ಲೇ ಯಾರೂ ಬರೋದು ಬೇಡ. ಮೊದ್ಲು ಸ್ವಲ್ಪ ದಿನ ನಾನೊಬ್ಳೇ ಇರ್ತೀನಿ. ಆಮೇಲೆ ಕರೀತೀನಿ. ಬಂದು ನಿಮ್ ನಿಮ್ ಜಾಗ ನೀವೇ ಹುಡುಕ್ಕೊಳಿ" ಅಂದಳು.

ಸೋಮವಾರ ಕೋರ್ಟಿಗೆ ಬಂದು ಸಹಿ ಹಾಕುತ್ತೇನೆ. ತಕರಾರು ಏನೂ ಇಲ್ಲ. ವಾರಾಂತ್ಯ ಹೇಗೆ ಅಂತ ಬರೆಸುವಾಗ ಅವಳನ್ನು ಒಂದು ಮಾತು ಕೇಳಿ ಬರೆಸೋಣ ಅಂತ ನನ್ನ ಅಭಿಪ್ರಾಯ. ನಿನ್ನ ಅಭಿಪ್ರಾಯ ಏನು?

ಇನ್ನೊಂದು. ಈ ಶನಿವಾರದಿಂದ ಅವಳು ಮತ್ತೆ ಇಲ್ಲಿಗೆ ಬರುತ್ತಾಳಲ್ಲ, ಆಗ ನಾನು ಅವಳನ್ನೇ ಕೇಳುವುದು ಸರಿಯಲ್ಲ ಅನ್ನಿಸಿತು. ನಿನ್ನನ್ನು ದ್ವೀಪಕ್ಕೆ ಕರೆದಳಾ? ನನ್ನನ್ನು ಇನ್ನೂ ಕರೆದಿಲ್ಲ.

ಮಹಾಂತೇಶ್


ಜೆ.ಪಿ. ನಗರ
ಶುಕ್ರವಾರ, 13 ಡಿಸೆಂಬರ್ 2024

ಮಹಾಂತೇಶ್ ಅವರಿಗೆ,

ಅವಳನ್ನು ಕೇಳಿಯೇ ಬರೆಸೋಣ.

ನನ್ನನ್ನೂ ಕರೆದಿಲ್ಲ. ಕಾಯೋಣ.

ಮೇಘಾ